ಗೋಡೆ ಕೆರೆದ ಗೋಂದಪ್ಪ

ಗೋಂದಪ್ಪ ಅವತ್ತು ಬೆಳಗಿನ ಕಾಫಿಯನ್ನು ಒಳಗೇ ಕುಡಿದಿದ್ದರೆ ಈ ಕತೆಯೇ ಇರುತ್ತಿರಲಿಲ್ಲ. ಲೋಟ ಹಿಡಿದು ಬೀದಿ ಬಾಗಿಲ ಮೆಟ್ಟಿಲ ಮೇಲೆ ಬಂದು ಕೂತ. ಕೂತವನ ಕಣ್ಣಿಗೆ ಗೋಡೆಯ ಮೇಲೆ ಹಳದಿ ಬಣ್ಣದ ಒಂದು ಹಕ್ಕಳೆ ಬಿತ್ತು. ಹೆಬ್ಬೆರಳ ಉಗುರಿನಷ್ಟಗಲ. ಅಂಚು ಒಂಚೂರು ಎದ್ದಿತ್ತು.

ಅವನ ನಿಜವಾದ ಹೆಸರು ಬೇರೆ. ಅದು ತೆರಿಗೆ ರಸೀದಿಯಲ್ಲಿ ಮಾತ್ರ ಬದುಕಿತ್ತು. ಪುಸ್ತಕಕ್ಕೆ ರಟ್ಟು ಕಟ್ಟುವ ಕಸುಬು. ಬೆರಳಿಗೆ ಸದಾ ಗೋಂದು ಮೆತ್ತಿಕೊಂಡಿರುತ್ತಿದ್ದರಿಂದ ಬೀದಿಗೆ ಬೀದಿಯೇ ಅವನನ್ನು ಗೋಂದಪ್ಪ ಎನ್ನುತ್ತಿತ್ತು. ಇಪ್ಪತ್ತಾರು ವರ್ಷ ಹಳೇ ಪುಸ್ತಕಗಳ ಬೆನ್ನು ಸುಲಿದ ಕೈ ಅದು. ಎದ್ದ ಅಂಚು ಕಂಡರೆ ಆ ಕೈಗೆ ಸಕ್ಕರೆ ಕಂಡ ಇರುವೆಯ ಗತಿ.

"ರೀ, ಗೋಡೆ ಮುಟ್ಟಬೇಡಿ. ನಾಲ್ಕು ಗಂಟೆಗೆ ಸಮಿತಿಯವರು ಬರ್ತಾರೆ," ಎಂದು ಒಳಗಿನಿಂದ ಹೆಂಡತಿ ಕೂಗಿದಳು. ಹದಿನೆಂಟು ವರ್ಷ ಸಂಸಾರ ಮಾಡಿದವಳಿಗೆ ಗಂಡನ ಕೈ ಎತ್ತ ಹೋಗುತ್ತದೆಂದು ಗೋಡೆಯಾಚೆಯಿಂದಲೂ ತಿಳಿಯುತ್ತಿತ್ತು.

"ಯಾರು ಮುಟ್ಟಿದ್ರು?" ಎಂದ ಗೋಂದಪ್ಪ, ಮುಟ್ಟುತ್ತ.

ಪರ್ರ್ ಎಂದಿತು. ಅಂಟಿಕೊಂಡಿದ್ದಾಗ ಉಗುರಿನಷ್ಟಿದ್ದದ್ದು ಕಿತ್ತು ಬರುವಾಗ ಟವೆಲಿನಷ್ಟಾಗಿತ್ತು. ಹಳದಿ ಗೋಡೆಯ ನಡುವೆ ಹಚ್ಚ ಹಸಿರು ಬಣ್ಣ ಇಣುಕಿತು. ಗೋಂದಪ್ಪನ ಬಾಯಲ್ಲಿದ್ದ ಕಾಫಿ ಮೇಲೂ ಹೋಗದೆ ಕೆಳಗೂ ಇಳಿಯದೆ ನಡುದಾರಿಯಲ್ಲಿ ನಿಂತಿತು.

ಅದು ಅಂತಿಂಥ ಬೀದಿಯಲ್ಲ. ಹಳೇ ಊರಿನ ಕೋಟೆಗೂ ಹೊಳೆಗೂ ನಡುವೆ, ಒಂದಕ್ಕೊಂದು ಹೆಗಲು ಕೊಟ್ಟು ನಿಂತ ನಲವತ್ತು ಮನೆ. ಒಂದೊಂದಕ್ಕೂ ಒಂದೊಂದು ಬಣ್ಣ. ದೂರದ ಊರುಗಳಿಂದ ಜನ ಬಂದು ಫೋಟೋ ತೆಗೆದುಕೊಂಡು ಹೋಗುತ್ತಿದ್ದರು. ಯಾರ ಮನೆಗೆ ಯಾವ ಬಣ್ಣ ಎಂಬುದು ಹಳೇ ಊರು ಸಮಿತಿಯ ದಫ್ತರದಲ್ಲಿ ಬರೆದಿತ್ತು. ಆ ಬಣ್ಣ ಬದಲಿಸುವಂತಿಲ್ಲ, ಗೋಡೆ ಒಡೆಯುವಂತಿಲ್ಲ, ಕಿಟಕಿ ಇಡುವುದಕ್ಕೂ ಅಪ್ಪಣೆ ಬೇಕು. ಹೊಸ ಕಿಟಕಿಯಂತೂ ಇಡೀ ಬೀದಿಗೆ ವರ್ಷಕ್ಕೆ ಒಂದೇ ಒಂದು.

ಗೋಂದಪ್ಪನ ಅಡುಗೆಮನೆ ಬೀದಿ ಬದಿಗಿತ್ತು, ಕಿಟಕಿ ಇರಲಿಲ್ಲ. ಹಗಲು ಹನ್ನೆರಡಕ್ಕೂ ದೀಪ ಹಚ್ಚಿ, ಉಪ್ಪಿನ ಡಬ್ಬಿ ಯಾವುದು ಸಕ್ಕರೆ ಡಬ್ಬಿ ಯಾವುದು ಎಂದು ನಾಲಿಗೆಯಿಂದ ನೋಡಿ ತಿಳಿಯಬೇಕು. ಹನ್ನೊಂದು ವರ್ಷ ಅರ್ಜಿ ಹಾಕಿದ ಮೇಲೆ ಮೊನ್ನೆ ಉತ್ತರ ಬಂದಿತ್ತು: "ಅಧ್ಯಕ್ಷರು ಖುದ್ದಾಗಿ ಬಂದು, ಹೊರಗೋಡೆ ಸುಸ್ಥಿತಿಯಲ್ಲಿದ್ದಲ್ಲಿ ಕಿಟಕಿಗೆ ಅನುಮತಿ ನೀಡುವರು." ಹೆಂಡತಿ ಆಗಲೇ ಪರದೆಯ ಬಟ್ಟೆ ಹೊಲಿದು ಮಡಿಸಿಟ್ಟಿದ್ದಳು.

"ಅಯ್ಯಯ್ಯೋ, ಗೋಂದಪ್ಪ!" ಎಂದಿತು ಎದುರುಮನೆಯ ಮೇಲಿನ ಕಿಟಕಿ.

ಮಾತಾಡಿದ್ದು ಕಿಟಕಿಯಲ್ಲ, ಕಿಟಕಿಯಮ್ಮ. ಆಕೆ ಊಟ ನಿದ್ದೆ ಬಿಟ್ಟರೆ ಉಳಿದ ಹೊತ್ತೆಲ್ಲ ಕಿಟಕಿಯಲ್ಲೇ ಇರುತ್ತಿದ್ದುದರಿಂದ ಆ ಹೆಸರು. "ಒಳ್ಳೇ ಗೋಡೆನ ಕೆರೆದು ಹುಣ್ಣು ಮಾಡಿದ್ಯಲ್ಲೋ! ಇರು, ಬಂದೆ."

ಆಕೆ ಇಳಿದು ಬರುವಷ್ಟರಲ್ಲಿ ಪಕ್ಕದ ಮನೆಯ ಇತಿಹಾಸದ ಮೇಷ್ಟ್ರು ಬಂದೇ ಬಿಟ್ಟಿದ್ದರು. ನಿವೃತ್ತರಾಗಿ ಒಂಬತ್ತು ವರ್ಷವಾಗಿದ್ದರೂ ಅವರ ಪಾಠ ನಿಂತಿರಲಿಲ್ಲ. ಕೇಳುವವರು ಮಾತ್ರ ತಪ್ಪಿಸಿಕೊಂಡಿದ್ದರು. ಮೇಷ್ಟ್ರು ಹಸಿರಿನ ಮೇಲೆ ಬೆರಳಾಡಿಸಿ, ಮೊಮ್ಮಗುವಿನ ಕೆನ್ನೆ ಸವರಿದ ಹಾಗೆ ನಕ್ಕರು.

"ಗೋಂದಪ್ಪ, ಇದು ಔಷಧಿ ಅಂಗಡಿಯವರ ಬಣ್ಣ."

"ಮೇಷ್ಟ್ರೇ, ಇದನ್ನ ಮುಚ್ಚೋದು ಹೇಗೆ ಹೇಳಿ."

"ಮುಚ್ಚೋದಾ? ಹಿಂದೆ ಮನೆಗೆ ನಂಬರ್ ಇರಲಿಲ್ಲ ಕಣಯ್ಯ. ಓದು ಬಾರದ ದೋಣಿಯವರು ಸರಕು ತಂದು ಹಾಕಬೇಕು. ಅದಕ್ಕೇ ಕಸುಬಿಗೊಂದು ಬಣ್ಣ. ಹಳದಿ ಅಂದ್ರೆ ಕಾಗದದವರು, ಹಸಿರು ಔಷಧಿಯವರು, ಕೆಂಪು ಕಮ್ಮಾರರು, ನೀಲಿ ಅಂದ್ರೆ ಬಟ್ಟೆಗೆ ಬಣ್ಣ ಅದ್ದೋರು. ಈ ಬೀದಿಯಲ್ಲಿ ಮೊಟ್ಟಮೊದಲು ಇದ್ದದ್ದು ನೀಲಿಯವರೇ ಅಂತ ಮೂವತ್ತು ವರ್ಷದಿಂದ ಬಡ್ಕೊಳ್ತಾ ಇದೀನಿ. ಒಬ್ಬನಾದರೂ ನಂಬಿದನಾ?"

"ನಾನು ನಂಬ್ತೀನಿ. ನಾಲ್ಕು ಗಂಟೆಗೆ ಅಧ್ಯಕ್ಷೆ..."

"ಅದೇ! ಬಂದವರು ಮೂಲ ಬಣ್ಣ ಯಾವುದು ಅಂತ ಕೇಳಿದ್ರೆ ಏನಂತೀಯ?" ಎನ್ನುತ್ತ ಮೇಷ್ಟ್ರು ಜೇಬಿನಿಂದ ಪೆನ್ಸಿಲ್ ಕೆತ್ತುವ ಚಾಕು ತೆಗೆದು ಹಸಿರನ್ನು ಕೆರೆದೇ ಬಿಟ್ಟರು. ಅಡಿಯಲ್ಲಿ ಕೆಂಪು.

"ಕೆಂಪೂ ಅಲ್ಲ ನೀಲಿಯೂ ಅಲ್ಲ, ಗುಲಾಬಿ," ಎಂದು ಕಿಟಕಿಯಮ್ಮ ನಡುವೆ ಬಂದಳು. "ಇದು ಗುಲಾಬಿ ಮನೆ ಆಗಿತ್ತು ಅಂತ ನಮ್ಮಜ್ಜಿ ಹೇಳ್ತಿದ್ರು."

"ನಿಮ್ಮಜ್ಜಿಗೆ ಕಣ್ಣು ಸರಿ ಇತ್ತಾ?"

ಅಜ್ಜಿಯ ಕಣ್ಣಿನ ಮಾತು ಬಂದ ಮೇಲೆ ಕೇಳಬೇಕೆ? ಕಿಟಕಿಯಮ್ಮ ಮನೆಗೆ ಹೋಗಿ ಸೌಟು ತಂದಳು. ಮೇಷ್ಟ್ರು ಬಾಗಿಲ ಎಡಕ್ಕೆ ನೀಲಿ ಹುಡುಕಿದರು, ಆಕೆ ಬಲಕ್ಕೆ ಗುಲಾಬಿ ಹುಡುಕಿದಳು. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎನ್ನುವ ಹಾಗೆ ಇಬ್ಬರ ನಡುವೆ ಗೋಂದಪ್ಪ ಅತ್ತ ಓಡಿ "ಸಾಕು ಮೇಷ್ಟ್ರೇ", ಇತ್ತ ಓಡಿ "ಸಾಕಮ್ಮ" ಎಂದು ಬೇಡಿಕೊಂಡ. ಹನ್ನೊಂದಕ್ಕೆ ಹೆಂಡತಿ ಹೊರಬಂದು ನೋಡಿದಾಗ ಗೋಡೆ, ಜಗಳವಾಡಿ ಬಂದ ಬೆಕ್ಕಿನ ಹಾಗೆ ಕಾಣುತ್ತಿತ್ತು.

ಅವಳು ಬಯ್ಯಲಿಲ್ಲ. ಅದೇ ಭಯ. ಮೂಗು ಮಾತ್ರ ಕೆಂಪಾಯಿತು.

"ಇರಲಾರದೆ ಇರುವೆ ಬಿಟ್ಕೊಂಡ್ರಿ," ಎಂದಳು ಮೆತ್ತಗೆ. "ನನ್ನ ತಮ್ಮನ್ನ ಕರೆಸಿ."

ಗೋಂದಪ್ಪ ತಲೆ ಕೆರೆದುಕೊಂಡ. ಭಾವಮೈದುನ ಬಣ್ಣ ಬಳಿಯುವವನೇನೋ ಹೌದು. ಆದರೆ ಅವನು ಬಳಿದ ಬಾಗಿಲು ತೆರೆಯುತ್ತಿರಲಿಲ್ಲ, ಬಳಿದ ಕುರ್ಚಿಯಿಂದ ಕೂತವರು ಏಳುತ್ತಿರಲಿಲ್ಲ. ಆದರೂ ಮುಳುಗುವವನಿಗೆ ಹುಲ್ಲುಕಡ್ಡಿ. ಹೊಳೆ ದಂಡೆಯಲ್ಲಿ ದೋಣಿಗಳಿಗೆ ನೀಲಿ ಬಳಿಯುತ್ತಿದ್ದವನನ್ನು ಗೋಂದಪ್ಪ ಹುಡುಕಿ, ಏಣಿ ಸಮೇತ ಎಳೆದು ತಂದ. ಆಗ ಗಂಟೆ ಒಂದೂವರೆ.

ಭಾವಮೈದುನ ಸೊಂಟಕ್ಕೆ ಕೈ ಕೊಟ್ಟು ಗೋಡೆಯನ್ನು ಮೇಲಿಂದ ಕೆಳಗೆ ನೋಡಿದ. "ಭಾವ, ಇದಕ್ಕೆ ಮೊದಲು ಕೆರೀಬೇಕು."

"ಇನ್ನೂ ಕೆರೀಬೇಕೇನೋ?"

"ಹಳ್ಳ ದಿಣ್ಣೆ ಇರೋ ಕಡೆ ಬಣ್ಣ ಕೂರುತ್ತಾ? ನೀವು ಪುಸ್ತಕ ಕಟ್ಟುವಾಗ ನಾನು ಬಾಯಿ ಹಾಕ್ತೀನಾ?"

ತಂತಿ ಬ್ರಷ್ಷಿನಲ್ಲಿ ಅವನು ತಿಕ್ಕಿದ ರಭಸಕ್ಕೆ ಹಳದಿ, ಹಸಿರು, ಕೆಂಪು ಎಲ್ಲವೂ ಮೆಟ್ಟಿಲು ಮೆಟ್ಟಿಲಾಗಿ ಎದ್ದು, ಬಾಗಿಲ ಚೌಕಟ್ಟಿನ ಪಕ್ಕದಲ್ಲಂತೂ ಬರೀ ಗಾರೆ ಬಿಳಿಚಿಕೊಂಡು ಕೂತಿತು. ನೀಲಿಯೂ ಬರಲಿಲ್ಲ, ಗುಲಾಬಿಯೂ ಬರಲಿಲ್ಲ. ಮೇಷ್ಟ್ರ ಮುಖ ಕಂದಿತು. ಕಿಟಕಿಯಮ್ಮ ಸೌಟು ಕೆಳಗಿಟ್ಟಳು.

ಮೂರೂಮುಕ್ಕಾಲಿಗೆ ಹಳದಿ ಬಣ್ಣದ ಡಬ್ಬಿ ತೆರೆದರು. ಭಾವಮೈದುನ ಅದನ್ನು ತಲೆಕೆಳಗು ಮಾಡಿದ, ಬಣ್ಣ ಬೀಳಲಿಲ್ಲ. ತಳಕ್ಕೆ ಬಡಿದ, ಬೀಳಲಿಲ್ಲ. ಒಣಗಿ ಕಲ್ಲಾಗಿತ್ತು.

"ಎರಡು ವರ್ಷದ ಹಿಂದೆ ತಗೊಂಡಾಗ ಚೆನ್ನಾಗೇ ಇತ್ತು ಭಾವ," ಎಂದ.

"ಈಗೇನು ಮಾಡೋದೋ?"

"ದೋಣೀದು ನೀಲಿ ಉಳಿದಿದೆ. ಬಳಿದುಬಿಡ್ಲಾ? ಮೇಷ್ಟ್ರ ಆಸೆನೂ ತೀರುತ್ತೆ."

ಗೋಂದಪ್ಪ ಬೇಡ ಎನ್ನಲು ಬಾಯಿ ತೆರೆದ. ಅಷ್ಟರಲ್ಲಿ ಭಾವಮೈದುನ ನೀಲಿ ಡಬ್ಬಿ ಹಿಡಿದು ಏಣಿ ಹತ್ತಿ, ಕಲಕಲು ಕಡ್ಡಿ ಸಿಗದೆ ಕೈಯನ್ನೇ ಅದ್ದಿ ಕಲಕತೊಡಗಿದ್ದ. ತನ್ನ ಕಿಟಕಿಗೆ ವಾಪಸ್ಸಾಗಿದ್ದ ಕಿಟಕಿಯಮ್ಮ ಆ ಗಳಿಗೆಗೇ ಸರಿಯಾಗಿ, "ಬಂದ್ರು! ಅಧ್ಯಕ್ಷೆ ಬಂದ್ರು!" ಎಂದು ಬೀದಿ ನಡುಗುವಂತೆ ಕಿರುಚಿದಳು.

ಭಾವಮೈದುನ ಬೆಚ್ಚಿದ. ಏಣಿ ಜಾರಿತು. ಬೀಳುತ್ತಿದ್ದವನು ಕೈ ಚಾಚಿ ಗೋಡೆಗೆ ಫಟ್ಟನೆ ಆನಿಸಿ ಹೇಗೋ ಕಾಲ ಮೇಲೆ ನಿಂತ. ಬಾಗಿಲ ಚೌಕಟ್ಟಿನ ಪಕ್ಕ, ಬೋಳು ಗಾರೆಯ ಮೇಲೆ, ಐದೂ ಬೆರಳು ಬಿಡಿಬಿಡಿಯಾಗಿ ಒಂದು ನೀಲಿ ಹಸ್ತ ಮೂಡಿತು.

ಡಬ್ಬಿ, ಏಣಿ, ತಂತಿ ಬ್ರಷ್ಷು ಎಲ್ಲವನ್ನೂ ಮೇಷ್ಟ್ರ ಅಂಗಳಕ್ಕೆ ಎಸೆಯುವಷ್ಟು ಮಾತ್ರ ಹೊತ್ತು ಸಿಕ್ಕಿತು. ಭಾವಮೈದುನ ಕೈಯನ್ನು ಪ್ಯಾಂಟಿನ ಜೇಬಿಗಿಳಿಸಿ ಅಮಾಯಕನಂತೆ ಆಕಾಶ ನೋಡಿದ.

ಅಧ್ಯಕ್ಷೆ ಸಣಕಲು ಹೆಂಗಸು. ಒಂದು ಕನ್ನಡಕ ಕಣ್ಣಿಗೆ, ಇನ್ನೊಂದು ತಲೆಗೆ. ಹಿಂದೆ ಟೇಪು ಹಿಡಿದವನೊಬ್ಬ, ನೋಟ್‌ಬುಕ್ ಹಿಡಿದವನೊಬ್ಬ. ಗೋಡೆ ಕಂಡದ್ದೇ ಆಕೆ ನಿಂತುಬಿಟ್ಟಳು.

"ಇದನ್ನ ಮಾಡಿದ್ದು ಯಾರು?"

ಮೇಷ್ಟ್ರ ಬೆರಳು, ಕಿಟಕಿಯಮ್ಮನ ಬೆರಳು, ಭಾವಮೈದುನನ ಜೇಬಿನಲ್ಲಿಲ್ಲದ ಕೈಯ ಬೆರಳು, ಮೂರೂ ಗೋಂದಪ್ಪನ ಕಡೆ ತಿರುಗಿದವು.

"ತಪ್ಪಾಯ್ತು ಮೇಡಂ," ಎಂದ ಗೋಂದಪ್ಪ.

"ತಪ್ಪಾ?" ಅಧ್ಯಕ್ಷೆ ಗೋಡೆಗೆ ಕೈ ಮುಗಿದಳು. "ಇಪ್ಪತ್ತು ವರ್ಷದಿಂದ ನಾವು ಜನಕ್ಕೆ ಬರೀ ಮೇಲಿನ ಬಣ್ಣ ತೋರಿಸ್ತಾ ಇದ್ವಿ. ಇಲ್ಲಿ ನೋಡಿ! ಕಾಗದದವರು, ಔಷಧಿಯವರು, ಕಮ್ಮಾರರು... ಇಡೀ ಊರಿನ ಚರಿತ್ರೆ ಪುಟ ಪುಟವಾಗಿ ಬಿಚ್ಚಿದೆ!"

"ಎಡಗಡೆಯದು ಕೆರೆದದ್ದು ನಾನು," ಎಂದರು ಮೇಷ್ಟ್ರು ತಕ್ಷಣ.

"ಬಲಗಡೆಯದು ನಾನು, ನನ್ನ ಸೌಟಲ್ಲಿ!" ಎಂದು ಕಿಟಕಿಯಮ್ಮ ಮೇಲಿನಿಂದ ಕೂಗಿದಳು.

ಅಷ್ಟರಲ್ಲಿ ಅಧ್ಯಕ್ಷೆಯ ಕಣ್ಣು ಚೌಕಟ್ಟಿನ ಪಕ್ಕಕ್ಕೆ ಹೋಯಿತು. ತಲೆಯ ಮೇಲಿದ್ದ ಕನ್ನಡಕವೂ ಕಣ್ಣಿಗೆ ಇಳಿಯಿತು.

"ಎಲ್ಲ ಪದರಗಳ ಅಡಿಯಲ್ಲಿ... ನೀಲಿ ಹಸ್ತ!"

ಮೇಷ್ಟ್ರು ಒಮ್ಮೆ ಹಸ್ತ ನೋಡಿದರು, ಒಮ್ಮೆ ಭಾವಮೈದುನನ ಜೇಬು ನೋಡಿದರು. ಒಂದು ಗಳಿಗೆ ಅವರೊಳಗೆ ಸತ್ಯಕ್ಕೂ ಮೂವತ್ತು ವರ್ಷದ ಅವಮಾನಕ್ಕೂ ಕುಸ್ತಿ ನಡೆಯಿತು. "ನಾನು ಹೇಳ್ತಾನೇ ಇದ್ದೆ," ಎಂದರು ಕೊನೆಗೆ. "ಬಣ್ಣ ಅದ್ದೋರದು."

"ಮುನ್ನೂರು ವರ್ಷ ಆಗಿರಬಹುದು. ಆದರೂ ಹೇಗೆ ಹೊಳೀತಿದೆ ನೋಡಿ, ಈಗ ತಾನೆ ಬಳಿದ ಹಾಗೆ! ಯಾರೂ ಮುಟ್ಟಬೇಡಿ!"

ಗೋಂದಪ್ಪನಿಗೆ ಸುಳ್ಳು ದಕ್ಕುತ್ತಿರಲಿಲ್ಲ. ಪುಸ್ತಕದಲ್ಲಿ ಒಂದು ಹಾಳೆ ಹಿಂದುಮುಂದಾಗಿದ್ದರೂ ಗಿರಾಕಿಯನ್ನು ಹುಡುಕಿಕೊಂಡು ಹೋಗಿ ಹೇಳುವ ಜಾತಿ. ಬೀದಿಯವರೆಲ್ಲ ಕಣ್ಣು ಕೆಕ್ಕರಿಸುತ್ತಿದ್ದರೂ ಧೈರ್ಯ ಮಾಡಿದ. "ಮೇಡಂ, ಆ ಕೈ... ಅದು ನಮ್ಮ ಭಾವಮೈದುನಂದು."

ಅಧ್ಯಕ್ಷೆಯ ಕಣ್ಣಲ್ಲಿ ನೀರಾಡಿತು. "ಕೇಳಿದ್ರಾ? ಮುನ್ನೂರು ವರ್ಷದ ಹಿಂದಿನವನನ್ನ ಮನೆ ನೆಂಟ ಅಂತಿದಾರೆ! ಬರ್ಕೊಳ್ಳಿ, ಬರ್ಕೊಳ್ಳಿ." ನೋಟ್‌ಬುಕ್ಕಿನವನು ಬರೆದುಕೊಂಡ.

"ಅಲ್ಲ ಮೇಡಂ, ನಿಜವಾಗ್ಲೂ..."

"ರೀ," ಎಂದು ಹೆಂಡತಿ ಅವನ ಕಾಲು ತುಳಿದು, ಹಲ್ಲು ಕಚ್ಚಿಕೊಂಡೇ ಪಿಸುಗುಟ್ಟಿದಳು, "ಬಾಯಿ ಮುಚ್ಕೊಂಡು ಕಿಟಕಿ ಕೇಳಿ."

ಗೋಂದಪ್ಪ ಕೇಳಿದ. ಅಧ್ಯಕ್ಷೆ ಮೊದಲು ನಕ್ಕಳು. ಅವನು ತಮಾಷೆ ಮಾಡುತ್ತಿಲ್ಲವೆಂದು ತಿಳಿದ ಮೇಲೆ ಹೌಹಾರಿದಳು.

"ಈ ಗೋಡೆಗೆ ಕಿಟಕಿನಾ? ಇನ್ನು ಇದಕ್ಕೆ ಒಂದು ಮೊಳೆ ಕೂಡ ಹೊಡೆಯೋ ಹಾಗಿಲ್ಲ. ನಿಮ್ಮ ಮನೆ ಇನ್ಮೇಲೆ ನಿಮ್ಮದಲ್ಲ, ಊರಿನದು!"

"ಹಾಗಾದ್ರೆ ಈ ವರ್ಷದ ಕಿಟಕಿ?"

ಅಧ್ಯಕ್ಷೆ ಯೋಚಿಸಿದಳು. ನೋಡಲು ಬರುವವರಿಗೆ ಗೋಡೆ ಪೂರ್ತಿ ಕಾಣಬೇಕಾದರೆ ಎದುರುಮನೆಯ ಮಹಡಿಯೇ ಸರಿಯಾದ ಜಾಗ. ಆ ವರ್ಷದ ಒಂದೇ ಒಂದು ಕಿಟಕಿ ನಿಂತ ನಿಲುವಿನಲ್ಲೇ, ಇದ್ದ ಕಿಟಕಿ ಸಾಲದೆಂದು, ಕಿಟಕಿಯಮ್ಮನಿಗೆ ಮಂಜೂರಾಯಿತು. ಗೋಂದಪ್ಪನ ಹೆಂಡತಿ ಒಳಗೆ ಹೋಗಿ, ಬಾಗಿಲನ್ನು ದಢಾರನೆ ಹಾಕಿಕೊಂಡಳು.

ಹಸ್ತದ ಪಕ್ಕದಿಂದ ಚಿಟಿಕೆಯಷ್ಟು ಗಾರೆ ಉದುರಿತು.

"ಬಾಗಿಲು!" ಎಂದು ಚೀರಿದಳು ಅಧ್ಯಕ್ಷೆ.

ಹತ್ತು ನಿಮಿಷದಲ್ಲಿ ಬಾಗಿಲಿಗೆ ಅಡ್ಡಲಾಗಿ ಹಗ್ಗ ಬಿಗಿದು, ಸಮಿತಿಯ ಮೊಹರು ಬಿತ್ತು. ಮನೆಯವರು ಇನ್ನು ಮೇಷ್ಟ್ರ ಮನೆಯೊಳಗೆ ಹಾಯ್ದು, ಹಿತ್ತಿಲ ಗೋಡೆಗೆ ಏಣಿ ಹಾಕಿ ಓಡಾಡಬೇಕೆಂದು ತೀರ್ಮಾನವಾಯಿತು. ಮೇಷ್ಟ್ರು ಸಂತೋಷದಿಂದ ಒಪ್ಪಿದರು. ದಿನಕ್ಕೆ ನಾಲ್ಕು ಸಲ, ಓಡಿಹೋಗಲಾಗದ ಇಬ್ಬರು ವಿದ್ಯಾರ್ಥಿಗಳು! ಅಷ್ಟರಲ್ಲೇ ಅವರು ತಮ್ಮ ಬಾಗಿಲಲ್ಲಿ ನಿಂತು, "ಬಾ ಗೋಂದಪ್ಪ, ಕೋಟೆ ಕಟ್ಟಿದಲ್ಲಿಂದ ಶುರು ಮಾಡೋಣ," ಎಂದು ಕರೆಯುತ್ತಿದ್ದರು.

ಗೋಂದಪ್ಪ ಹೋಗಲಿಲ್ಲ. ಹಗ್ಗದ ಈಚೆ, ತನ್ನದೇ ಮನೆಯ ಮೆಟ್ಟಿಲ ಮೇಲೆ ಕುಸಿದು ಕೂತ. ಸುದ್ದಿ ಆಗಲೇ ಹಬ್ಬಿತ್ತು. ಬೀದಿ ತುಂಬ ಕ್ಯಾಮೆರಾ. ಕೊರಳಿಗೆ ದೊಡ್ಡ ಕ್ಯಾಮೆರಾ ನೇತುಹಾಕಿಕೊಂಡಿದ್ದ ಪರವೂರಿನವನೊಬ್ಬ ಹತ್ತಿರ ಬಂದು, ಬಹಳ ವಿನಯದಿಂದ ಬಗ್ಗಿದ.

"ಯಜಮಾನ್ರೇ, ಸ್ವಲ್ಪ ಆ ಕಡೆ ಹೋಗ್ತೀರಾ? ಇದು ಯಾರದೋ ಮನೆ ಮೆಟ್ಟಿಲು, ಹೀಗೆಲ್ಲ ಕೂರಬಾರದು."