ಮೃತ ಅರ್ಜಿದಾರರು ಕುಣಿತದ ವಿಡಿಯೋದಲ್ಲಿ ಮಾತನಾಡಲು ನಿರಾಕರಿಸಿರುವ ಬಗ್ಗೆ

ವಾರ್ಡ್ ಕಚೇರಿ, ಸುಂಬರ್‌ಲೆಗಿ, ಪೂರ್ವ ಜಾವಾ
ಸಂಖ್ಯೆ: ವಾಕ/ಕುಣಿತ/09/ಮರುಚಿತ್ರೀಕರಣ

ವಿಷಯ: ಶ್ರೀಮತಿ ಸಾರ್ನಿ (ದಾಖಲೆಯ ಪ್ರಕಾರ ಮೃತರು) ಅವರ ಮೌನ.

ಉಲ್ಲೇಖ: 1. ಮೊದಲನೇ ವಿಡಿಯೋ. 2. ಸದರಿಯವರ ಅರ್ಜಿ. 3. ಸದರಿಯವರ ತೆಂಪೆ (ಸೋಯಾ ಕಾಳಿನ ಖಾದ್ಯ).

ಶುಕ್ರವಾರದ ವ್ಯಾಯಾಮದ ನಂತರ ಸಿಬ್ಬಂದಿಯು ಜನಪ್ರಿಯ ಹಾಡಿಗೆ ಕೌಂಟರಿನ ಮುಂದೆ ಕುಣಿದು, ಅದರ ವಿಡಿಯೋವನ್ನು ‘ಸಾರ್ವಜನಿಕ ಸೇವೆ’ ಎಂಬ ಶೀರ್ಷಿಕೆಯಡಿ ಹರಿಯಬಿಡುವುದು ವಾಡಿಕೆಯಾಗಿರುತ್ತದೆ. ಇವುಗಳನ್ನು ಸಿಬ್ಬಂದಿಯ ಮನೆಯವರು ಮಾತ್ರ, ಅದೂ ಒತ್ತಾಯಕ್ಕೆ ನೋಡುತ್ತಿದ್ದರು. ಉಲ್ಲೇಖ (1)ರಲ್ಲಿ ಶ್ರೀಮತಿ ಸಾರ್ನಿ (ಊರಿಗೆಲ್ಲ ಸಾರ್ನಿ ಅಜ್ಜಿ) ಅನುಮತಿಯಿಲ್ಲದೆ ಕುಣಿಯುವವರ ನಡುವೆ ನುಸುಳಿ, ‘ಕುಣ್ದು ಮುಗೀತೇನ್ರಪ್ಪಾ? ಒಂದ್ ಸೀಲ್ ಹೊಡ್ದು ಕೊಡಿ. ಒಲೆ ಮ್ಯಾಲೆ ತೆಂಪೆ ಇಟ್ಟು ಬಂದಿವ್ನಿ’ ಎಂದಿರುತ್ತಾರೆ. ತರುವಾಯ ದೇಶದಾದ್ಯಂತ ಬಸ್ ಚಾಲಕರು, ದಂತವೈದ್ಯರು ಹಾಗೂ ಮದುವೆ ಮಂಟಪದಲ್ಲಿ ಕುಳಿತ ವಧೂವರರು ಈ ಮಾತಿಗೆ ತುಟಿಯಾಡಿಸಿ ವಿಡಿಯೋ ಮಾಡಿರುವುದು ಗಮನಕ್ಕೆ ಬಂದಿರುತ್ತದೆ.

ಸದರಿಯವರ ಪತಿ ತೀರಿಕೊಂಡಾಗ ಈ ಕಚೇರಿಯು ಕೈತಪ್ಪಿನಿಂದ ಪತ್ನಿಯನ್ನೂ ಮೃತರೆಂದು ದಾಖಲಿಸಿರುತ್ತದೆ. ಹಜ್ ಸರದಿಯಲ್ಲಿ ಇಪ್ಪತ್ತು ವರ್ಷಕ್ಕೂ ಮಿಗಿಲಾಗಿ ಕಾದ ಅವರ ಹೆಸರು ಈಗ ಬಂದಿದ್ದು, ಬುಧವಾರದೊಳಗೆ ಬದುಕಿರುವ ಪ್ರಮಾಣಪತ್ರ ಸಲ್ಲಿಸದಿದ್ದಲ್ಲಿ ಆ ಜಾಗ ಮುಂದಿನವರ ಪಾಲಾಗುತ್ತದೆ.

ಮೇಲ್ಕಂಡ ಹಿನ್ನೆಲೆಯಲ್ಲಿ ಎಲ್ಲ ಸಿಬ್ಬಂದಿಗೆ ತಿಳಿಯಪಡಿಸುವುದೇನೆಂದರೆ:

1. ಪ್ರಮಾಣಪತ್ರ ಸಿಕ್ಕಿದ ಅರ್ಜಿದಾರರು ಮತ್ತೆ ಇತ್ತ ತಲೆಹಾಕುವುದಿಲ್ಲವಾದ್ದರಿಂದ, ಅಜ್ಜಿಯಿಂದ ಅದೇ ಮಾತನ್ನು ಮತ್ತೆ ಆಡಿಸುವ ಎರಡನೇ ವಿಡಿಯೋ ಮುಗಿಯುವವರೆಗೆ ಅರ್ಜಿಯನ್ನು ಪರಿಶೀಲನೆಯಲ್ಲಿ ಇಡಲಾಗಿತ್ತು.

2. ಮೊದಲನೇ ವಿಡಿಯೋವನ್ನೇ ಬದುಕಿರುವುದಕ್ಕೆ ಪುರಾವೆಯಾಗಿ ಪರಿಗಣಿಸಲು ಬರುವುದಿಲ್ಲ. ಅದರಲ್ಲಿ ಫಿಲ್ಟರ್ ಕೃಪೆಯಿಂದ ಕಚೇರಿ ಮುಖ್ಯಸ್ಥರಿಗೂ ತಲೆತುಂಬ ಕೂದಲಿರುತ್ತದೆ.

3. ಅಜ್ಜಿಯನ್ನು ಕಂಡು ಬೆಚ್ಚಿಬೀಳುವ ಪೂರ್ವಾಭ್ಯಾಸವನ್ನು ಪ್ರತಿದಿನ ಬೆಳಿಗ್ಗೆ ಎಂಟಕ್ಕೆ ನಡೆಸಲಾಗಿತ್ತು. ತಡವಾಗಿ ಬೆಚ್ಚಿದವರಿಗೆ ಅರ್ಧ ದಿನದ ರಜೆ ಕಡಿತಗೊಳಿಸಲಾಗಿತ್ತು.

4. ಮರುಚಿತ್ರೀಕರಣದಂದು ಸದರಿ ಮೃತರು ಅದೇ ಬಾಟಿಕ್ ಬಟ್ಟೆ ಉಟ್ಟು, ಅದೇ ಜಾಗಕ್ಕೆ ಬಂದು, ಬಾಯಿ ಬಿಗಿದು ನಿಂತಿರುತ್ತಾರೆ. ಸಿಬ್ಬಂದಿಯು ಬೆಳಿಗ್ಗೆಯಿಂದ ಮಧ್ಯಾಹ್ನದ ನಮಾಜಿನವರೆಗೆ ಕುಣಿದ ಪರಿಣಾಮ ಗುಮಾಸ್ತೆ ರೆತ್ನೋ ಅವರ ಸೊಂಟ ಉಳುಕಿರುತ್ತದೆ. ಸದರಿ ಮೃತರನ್ನು ಮೌನದ ಕಾರಣ ಕೇಳಲಾಗಿ, ‘ಸತ್ತೋರು ಮಾತಾಡ್ತಾರೇನ್ರಪ್ಪಾ?’ ಎಂದು ಹೇಳಿ ಪುನಃ ಬಾಯಿ ಮುಚ್ಚಿರುತ್ತಾರೆ. ಈ ನಡವಳಿಕೆ ದಾಖಲೆಗೆ ಅನುಗುಣವಾಗಿರುವುದರಿಂದ ಆಕ್ಷೇಪಿಸಲು ಅವಕಾಶವಿರುವುದಿಲ್ಲ.

5. ಆದಕಾರಣ ಅವರು ಬದುಕಿದ್ದಾರೆಂದು ಘೋಷಿಸಿ ಪ್ರಮಾಣಪತ್ರಕ್ಕೆ ಸೀಲು ಹಾಕಲಾಗಿದೆ. ಸದರಿ ಬದುಕು ವಿಡಿಯೋದಲ್ಲಿ ಮಾತನಾಡಿದ ನಂತರ ಜಾರಿಗೆ ಬರತಕ್ಕದ್ದು ಎಂಬ ಷರತ್ತನ್ನು ಅವರು ಓದಿಸಿ ಕೇಳಿ, ಎದುರಿಗೇ ಹೊಡೆದುಹಾಕಿಸಿರುತ್ತಾರೆ.

6. ಕಾಗದ ಕೈಸೇರಿದ ಕೂಡಲೇ ಅವರು ಒಂದು ಮಾತೂ ಆಡದೆ ಮನೆಯತ್ತ ನಡೆದಿರುತ್ತಾರೆ. ಆಗ ಕ್ಯಾಮೆರಾ ಓಡುತ್ತಿದ್ದು, ಸಿಬ್ಬಂದಿಯು ಬೆಚ್ಚಿಬಿದ್ದದ್ದು ಬಹಳ ಸಹಜವಾಗಿ ಮೂಡಿಬಂದಿರುತ್ತದೆ.

ಸಹಿ/-
ಹೆಂದ್ರೋ ವಿಬಿಸೋನೋ
ಮುಖ್ಯಸ್ಥರು (ಕುಣಿತದ ಎರಡನೇ ಸಾಲು)

ಪ್ರತಿಗಳು:
1. ಹಜ್ ಕಚೇರಿಗೆ: ಮೃತರು ಬುಧವಾರ ಖುದ್ದು ಬರುತ್ತಾರೆ. ಆ ಹೊತ್ತಿಗೆ ಅಲ್ಲಿ ಯಾರೂ ಕುಣಿಯದಿರಲು ಕೋರಿದೆ.
2. ಗುಮಾಸ್ತೆ ರೆತ್ನೋ ಅವರಿಗೆ: ಹಾಸಿಗೆಗೆ ತಲುಪಿಸುವುದು.
3. ಶ್ರೀಮತಿ ಸಾರ್ನಿ ಅವರಿಗೆ: ಮೆಕ್ಕಾದಲ್ಲಿ ಪ್ರಾರ್ಥಿಸುವಾಗ ಈ ಕಚೇರಿಯ ಸಿಬ್ಬಂದಿಯನ್ನೂ ನೆನೆಯಬೇಕೆಂಬ ಮನವಿಯೊಂದಿಗೆ. (ಮನವಿಯನ್ನು ಮುಂಚಿತವಾಗಿ ಬಾಯಿಮಾತಿನಲ್ಲಿ ತಿಳಿಸಲಾಗಿ, ‘ಪರಿಶೀಲನೆಯಲ್ಲೈತೆ’ ಎಂದು ಉತ್ತರ ಬಂದಿರುತ್ತದೆ.)