ಬೇಡ ಅಂದರೆ ಮೊಟ್ಟೆ

ನಮ್ಮವರಷ್ಟು ಪುಕ್ಕಲು ಗಂಡಸು ಇಡೀ ಬಹರೈನಿನಲ್ಲಿ ಇನ್ನೊಬ್ಬ ಇರಲಿಲ್ಲ. ಗಂಡನ ಬಗ್ಗೆ ಹೀಗೆ ಬರೆಯಬಹುದೇ ಎಂದು ಕೇಳಬೇಡಿ. ಅವರೊಟ್ಟಿಗೆ ಐವತ್ತು ವರ್ಷ ಬಾಳಿದವಳು ನಾನು, ನೀವಲ್ಲ. ಪುಕ್ಕಲರಿಗೆ ಒಂದು ಬಹುಮಾನ ಇಟ್ಟಿದ್ದರೆ ಅದು ಅವರಿಗೇ ಬರುತ್ತಿತ್ತು. ಆದರೆ ವೇದಿಕೆ ಹತ್ತಲು ಹೆದರಿ ನನ್ನನ್ನು ಕಳಿಸುತ್ತಿದ್ದರು! ಹೆಸರು ಬರೆಯುವುದಿಲ್ಲ. ನಮ್ಮ ಕಾಲದ ಹೆಂಗಸರು ಗಂಡನ ಹೆಸರು ಹೇಳುವುದಿಲ್ಲ ಎಂಬುದು ಒಂದು ಕಾರಣ. ಅಚ್ಚಿನಲ್ಲಿ ತಮ್ಮ ಹೆಸರು ಕಂಡರೆ ವಾರಂಟು ಬಂತು ಎಂದುಕೊಂಡಾರು ಎಂಬುದು ಇನ್ನೊಂದು.

ಎಂಬತ್ತನೆಯ ಇಸವಿಯ ಆಸುಪಾಸಿನ ಮಾತು. ಮನಾಮಾದ ಸೆಗಯಾದಲ್ಲಿ ಒಂದು ಓಣಿ, ಓಣಿಯಲ್ಲಿ ಅವರ ಹೊಲಿಗೆ ಅಂಗಡಿ, ಅಂಗಡಿಯ ಹಿಂದಿನ ಒಂದೇ ಕೋಣೆಯಲ್ಲಿ ನಮ್ಮ ಸಂಸಾರ. ಮಕ್ಕಳಿಬ್ಬರು ಉಡುಪಿಯ ಹತ್ತಿರ ನನ್ನ ತಾಯಿಯ ಮನೆಯಲ್ಲಿ ಶಾಲೆಗೆ ಹೋಗುತ್ತಿದ್ದರು.

ಇವರಿಗೆ ಮೊದಲ ಹೆದರಿಕೆ ಪೊಲೀಸರದ್ದು. ಎಲ್ಲಿ, ಯಾವಾಗ 'ಬತಾಕ' ಕೇಳುತ್ತಾರೋ! ಬತಾಕ ಎಂದರೆ ಗುರುತಿನ ಚೀಟಿ. ಅದನ್ನಿಡಲು ತಮ್ಮ ಎಲ್ಲ ಬಟ್ಟೆಗೂ ಒಳಗಡೆ ಕಳ್ಳಜೇಬು ಹೊಲಿದುಕೊಂಡಿದ್ದರು. ಅಂಗಿಗೆ, ಪ್ಯಾಂಟಿಗೆ, ಬನಿಯನ್ನಿಗೆ, ಕೊನೆಗೆ ಸ್ನಾನದ ಬೈರಾಸಿಗೂ!

"ಮೀಯುವಾಗ ಯಾರು ಮಾರಾಯ್ರೆ ಬತಾಕ ಕೇಳುವುದು?" ಎಂದೆ.

"ಬೆಂಕಿ ಬಿದ್ದು ಹಾಗೇ ಓಡ್ಬೇಕಾದ್ರೆ?"

"ಬೆಂಕಿಗೆ ಬತಾಕ ತೋರಿಸ್ತೀರಾ?"

ಅವರು ನಗಲಿಲ್ಲ. ಅದನ್ನೂ ಯೋಚಿಸಿದರು ಎಂದು ಕಾಣುತ್ತದೆ.

ಒಮ್ಮೆ ಒಬ್ಬ ಪೊಲೀಸಿನವ ತನ್ನ ಸಮವಸ್ತ್ರದ ಅಂಗಿಯನ್ನು ಸಡಿಲ ಮಾಡಲು ಕೊಟ್ಟು ಹೋದ. ಇವರು ಅದನ್ನು ಮೊಳೆಗೆ ತೂಗುಹಾಕಿ, ಎರಡು ದಿನ ಅದರ ಮುಂದೆ ಹಾದುಹೋದಾಗಲೆಲ್ಲ ಸಲಾಂ ಹೊಡೆದರು. ಸೂಜಿ ಚುಚ್ಚುವ ಧೈರ್ಯ ಎಲ್ಲಿಂದ ಬರಬೇಕು? ಕೊನೆಗೆ ಹೊಲಿಗೆ ಬಿಚ್ಚಿದವಳು ನಾನು. "ಮೆಲ್ಲ, ಮೆಲ್ಲ" ಎಂದು ಪಕ್ಕದಲ್ಲಿ ನಿಂತು ಪಿಸುಗುಟ್ಟಿದರು, ಅಂಗಿಯೊಳಗೆ ಪೊಲೀಸು ಮಲಗಿದ್ದಾನೋ ಎಂಬಂತೆ.

ಹೆದರಿದರೆ ಅವರ ಬಾಯಿಯಿಂದ ಹಿಂದಿ, ಅರಬ್ಬಿ ಎಲ್ಲ ಓಡಿಹೋಗಿ ಕನ್ನಡ ಮಾತ್ರ ಉಳಿಯುತ್ತಿತ್ತು. ಅದೂ ಒಂದೇ ಶಬ್ದ: "ಬೇಡ, ಬೇಡ!" ಯಾವಾಗಲೂ ಎರಡು ಸಲ.

ಪಕ್ಕದ ಮನೆಯಲ್ಲಿ ಒಬ್ಬ ಬಹರೈನಿ ಅಜ್ಜಿ ಇದ್ದಳು. ತಲೆಯಿಂದ ಕಾಲಿನವರೆಗೆ ಕಪ್ಪು ನಿಲುವಂಗಿ ಅಬಾಯಾ, ಗುಡುಗಿನಂಥ ಗಂಟಲು, ತಾರಸಿಯ ಮೇಲೆ ಕೋಳಿ. ನಾವು ಹೋದ ಹೊಸತರಲ್ಲಿ ಆಕೆ ಅಂಗಡಿಯ ಬಾಗಿಲಿಗೆ ಬಂದು ಅರಬ್ಬಿಯಲ್ಲಿ ಏನೋ ಕೇಳಿದಳು. ನಿಮಗೇನಾದರೂ ಬೇಕೇ ಎಂದು ವಿಚಾರಿಸಿರಬೇಕು, ಪಾಪ. ಇವರು ಗೋಡೆಗೆ ಅಂಟಿಕೊಂಡು "ಬೇಡ, ಬೇಡ!" ಎಂದರು. ಆಕೆ ಹೋಗಿ ನಾಲ್ಕು ಮೊಟ್ಟೆ ತಂದಳು. ಇವರಿಗೆ ಇನ್ನೂ ಗಾಬರಿ. "ಬೇಡ, ಬೇಡ!" ಮತ್ತೆ ನಾಲ್ಕು ತಂದಳು! ತಿಂಗಳುಗಟ್ಟಲೆ ಇದೇ ಕತೆ. ನಾವು ಮೊಟ್ಟೆ ಸಾರು, ಮೊಟ್ಟೆ ಪಲ್ಯ, ಬರೀ ಮೊಟ್ಟೆ ತಿಂದೆವು. ಒಂದು ದಿನ ಆಕೆ ಮೊಟ್ಟೆಯೊಂದನ್ನು ನನ್ನ ಮೂಗಿನ ಮುಂದೆ ಹಿಡಿದು "ಬೇದ್" ಎಂದಾಗ ನನಗೆ ಅರ್ಥವಾಯಿತು. ಅರಬ್ಬಿಯಲ್ಲಿ ಬೇದ್ ಎಂದರೆ ಮೊಟ್ಟೆ! ಅಷ್ಟರೊಳಗೆ ಓಣಿಯವರೆಲ್ಲ ಇವರಿಗೆ 'ಅಬು ಬೇದ್' ಎಂದು ಹೆಸರಿಟ್ಟಾಗಿತ್ತು. ಮೊಟ್ಟೆಗಳ ಅಪ್ಪ.

ಇಷ್ಟು ನಕ್ಕದ್ದು ಸಾಕು.

ಆಚೆ ಬೀದಿಯ ದೊಡ್ಡ ಮನೆಯೊಂದರ ಬಟ್ಟೆ ನಮ್ಮಲ್ಲಿಗೆ ಬರುತ್ತಿತ್ತು. ತರುವವಳು ಅಲ್ಲಿನ ಕೆಲಸದ ಹುಡುಗಿ, ಆಂಧ್ರದ ಕಡೆಯವಳು. ಮಾತಿಲ್ಲ, ಕತೆಯಿಲ್ಲ. ಒಮ್ಮೆ ತನ್ನ ಉದ್ದ ಅಂಗಿಯನ್ನೇ ಸಣ್ಣ ಮಾಡಲು ತಂದಳು. ಹೆಗಲಿನಿಂದ ಜಾರುತ್ತದೆ, ಬಂದವರೆದುರು ಚೆನ್ನಾಗಿ ಕಾಣುವುದಿಲ್ಲ ಎಂದು ಮನೆಯೊಡತಿ ಕಳಿಸಿದ್ದಳಂತೆ. ಇವರು ಎರಡು ಇಂಚು ಹಿಡಿದು ಹೊಲಿದರು. ಎರಡು ತಿಂಗಳಲ್ಲಿ ಅದೇ ಅಂಗಿ ಮತ್ತೆ ಬಂತು. ಮತ್ತೆ ಎರಡು ಇಂಚು. ಆ ದಿನ ಇವರು ಊಟದ ಬಟ್ಟಲಿನ ಮುಂದೆ ಅನ್ನ ಮುಟ್ಟದೆ ಕೂತರು.

"ಎಂತ ಆಯ್ತು?" ಎಂದೆ.

"ಬಟ್ಟೆ ದೊಡ್ಡದಾಗುದಿಲ್ಲ ಮಾರಾಯ್ತಿ. ಒಳಗಿದ್ದವಳು ಸಣ್ಣ ಆಗ್ತಾ ಇದ್ದಾಳೆ."

"ದೊಡ್ಡವರ ಮನೆಯ ವಿಷಯ ನಮಗೆಂತಕ್ಕೆ? ಅನ್ನ ತಣಿತದೆ, ಉಣ್ಣಿ."

ಹೌದು, ಹಾಗೇ ಹೇಳಿದೆ. ಇಲ್ಲದ ಒಳ್ಳೆಯತನವನ್ನು ಈಗ ಹಚ್ಚಿಕೊಳ್ಳುವುದಿಲ್ಲ.

ಬೇಸಗೆಯ ಒಂದು ಮಧ್ಯಾಹ್ನ. ಬಿಸಿಲಿಗೆ ಓಣಿಯಲ್ಲಿ ಬೆಕ್ಕೂ ಇರಲಿಲ್ಲ. ಆ ಹುಡುಗಿ ಬರಿಗಾಲಿನಲ್ಲಿ ಓಡಿಬಂದು, ನಮ್ಮಿಬ್ಬರ ಮುಖ ನೋಡಿ, ಬಟ್ಟೆ ಕತ್ತರಿಸುವ ಮೇಜಿನ ಅಡಿಗೆ ನುಗ್ಗಿಬಿಟ್ಟಳು. ಅವಳ ಕೈಯ ಮೇಲೆ ಇಸ್ತ್ರಿಪೆಟ್ಟಿಗೆಯ ಮೂತಿಯ ಆಕಾರದಲ್ಲೇ ಸುಟ್ಟ ಗಾಯ. ಅದು ಕೈತಪ್ಪಿ ಆದ ಗಾಯವಲ್ಲ ಎಂದು ತಿಳಿಯಲು ಓದು ಬೇಕಾಗಿಲ್ಲ.

ಓಡಿಬಂದ ಕೆಲಸದವಳನ್ನು ಅಡಗಿಸಿಟ್ಟರೆ ಅಡಗಿಸಿಟ್ಟವರಿಗೂ ಜೈಲು, ಆಮೇಲೆ ಊರಿಗೆ ವಿಮಾನ ಎಂದು ನಮ್ಮ ಜನರೆಲ್ಲ ಹೇಳುತ್ತಿದ್ದರು. ಅಂಗಡಿ ಹೋದರೆ ಮಕ್ಕಳ ಗತಿ ಏನು?

"ಕಳಿಸಿ ಅವಳನ್ನು," ಎಂದೆ. "ಈಗಲೇ ಕಳಿಸಿ. ನಾವು ಹಾಳಾಗಿ ಹೋಗ್ತೇವೆ."

ಇವರ ತುಟಿ ಬಿಳಿಚಿತ್ತು. "ಎಲ್ಲಿಗೆ ಕಳಿಸುದು? ಅಳತೆ ತೆಗೆದವ ನಾನು. ನಂಗೆ ಗೊತ್ತಿಲ್ಲ ಅಂತ ಹೇಳ್ಲಿಕ್ಕೆ ಆಗ್ತದಾ?" ಎನ್ನುತ್ತ ಮೇಜಿನ ಮೇಲೆ ದೊಡ್ಡ ಬಟ್ಟೆಯೊಂದನ್ನು ನೆಲ ಮುಟ್ಟುವಂತೆ ಹರಡಿ, ಮೆಷಿನಿನ ಮುಂದೆ ಕೂತರು.

ಹೊರಗೆ ಕಾರು ನಿಂತ ಸದ್ದು. ಆ ಮನೆಯ ಯಜಮಾನನೇ ಬಂದ. ಎತ್ತರದ ಆಳು, ಬಾಗಿಲಿನ ಬೆಳಕೇ ಮುಚ್ಚಿಹೋಯಿತು. "ಹುಡುಗಿ ಎಲ್ಲಿ?"

ಇವರ ಕಾಲು ಎಷ್ಟು ನಡುಗುತ್ತಿತ್ತೆಂದರೆ, ಪೆಡಲು ತಾನಾಗಿ ಆಡಿ ಮೆಷಿನು ಟಕಟಕ ಓಡತೊಡಗಿತು. ಸೂಜಿಯ ಕೆಳಗೆ ಬಟ್ಟೆಯೇ ಇಲ್ಲ! ಬರಿಯ ಗಾಳಿಯನ್ನು ಹೊಲಿಯುತ್ತಿದ್ದರು. ಆತ ಅದನ್ನು ನೋಡಿದ. ಆಮೇಲೆ ಮೇಜಿನಿಂದ ಇಳಿಬಿದ್ದ ಬಟ್ಟೆಯನ್ನು ನೋಡಿದ. ಅದನ್ನೆತ್ತಲು ಬಗ್ಗಿದ.

ಮೆಷಿನು ನಿಂತಿತು. ನಮ್ಮವರು ಎದ್ದು ಹೋಗಿ ಆತನಿಗೂ ಮೇಜಿಗೂ ನಡುವೆ ನಿಂತರು. ಆತನ ಎದೆಯ ಮಟ್ಟಕ್ಕೂ ಬರುತ್ತಿರಲಿಲ್ಲ. "ಬೇಡ!" ಎಂದರು. ಓಣಿ ಇಡೀ ಕೇಳುವಷ್ಟು ಗಟ್ಟಿಯಾಗಿ, ಒಂದೇ ಸಲ.

ಆತ ಕೈ ಎತ್ತಿದ. ನಾನು ಕತ್ತರಿ ಹಿಡಿದುಕೊಂಡಿದ್ದೆನಂತೆ, ನನಗೆ ನೆನಪಿಲ್ಲ.

ಅಷ್ಟರಲ್ಲಿ ಬಾಗಿಲಲ್ಲಿ ಪಕ್ಕದ ಮನೆಯ ಅಜ್ಜಿ. ಕೈಯಲ್ಲಿ ಒಂದು ಬೋಗುಣಿ ಮೊಟ್ಟೆ!

ಆಕೆ ಎತ್ತಿದ ಕೈ ನೋಡಿದಳು. ಮೇಜಿನ ಬಟ್ಟೆಯ ಅಂಚಿನಲ್ಲಿ ಕಾಣುತ್ತಿದ್ದ ಬರಿಗಾಲು ನೋಡಿದಳು. ಬೋಗುಣಿಯನ್ನು ಆ ಯಜಮಾನನ ಕೈಗೇ ಕೊಟ್ಟಳು. ಎತ್ತಿದ ಕೈ ಇಳಿಸದೆ ಆತ ಅದನ್ನು ಹಿಡಿಯುವುದು ಹೇಗೆ? ಆಕೆ ಮೇಜಿಗೆ ಬೆನ್ನು ಕೊಟ್ಟು ನೆಲದ ಮೇಲೆ ಕೂತು, ಅಬಾಯಾ ಹರಡಿಕೊಂಡು ಶುರುಮಾಡಿದಳು. ನನಗೆ ಅರ್ಥವಾದದ್ದು ಸ್ವಲ್ಪವೇ: ನಿನ್ನ ತಾಯಿ ನನಗೆ ಗೊತ್ತು, ನಿನ್ನನ್ನು ಎತ್ತಿ ಆಡಿಸಿದವಳು ನಾನು, ನಡಿ, ಈಗಲೇ ನಿನ್ನ ತಾಯಿಯ ಹತ್ತಿರ ಹೋಗೋಣ. ಮೊಟ್ಟೆ ಹಿಡಿದುಕೊಂಡು ಗದರುವುದು ಯಾರಿಗೂ ಸುಲಭವಲ್ಲ. ಆತ ಬೋಗುಣಿ ಕೆಳಗಿಟ್ಟು ಹೊರಟುಹೋದ.

ಹುಡುಗಿ ಅಜ್ಜಿಯ ಅಬಾಯಾದೊಳಗೆ ಸೇರಿ ಆಕೆಯ ಮನೆಗೆ ಹೋದಳು. ಅಜ್ಜಿಯ ಮಗ ಆ ಯಜಮಾನನ ಮನೆಗೆ ನಾಲ್ಕು ಸಲ ಅಲೆದು, ಆತ ಇಟ್ಟುಕೊಂಡಿದ್ದ ಅವಳ ಪಾಸ್‌ಪೋರ್ಟು ತಂದ. ನಮ್ಮವರಿಗೆ ಮೂರು ದಿನ ಚಳಿಜ್ವರ. ಜ್ವರದಲ್ಲೂ "ಬೇಡ, ಬೇಡ!" ತಿಂಗಳುಗಟ್ಟಲೆ ಕಾರಿನ ಸದ್ದು ಕೇಳಿದರೆ ಮೇಜಿನ ಅಡಿ ಹೋಗುವ ಸರದಿ ಅವರದ್ದು!

ಹುಡುಗಿ ಊರಿಗೆ ಹೊರಟಾಗ ಇವರು ಅವಳಿಗೊಂದು ಹೊಸ ಅಂಗಿ ಹೊಲಿದರು. ಒಳಗೆ ಪಾಸ್‌ಪೋರ್ಟಿಗೆ ಕಳ್ಳಜೇಬು. ಎರಡೂ ಬದಿಗೆ ನಾಲ್ಕು ನಾಲ್ಕು ಇಂಚು ಬಟ್ಟೆ ಒಳಗೇ ಮಡಚಿ ಬಿಟ್ಟಿದ್ದರು. "ದಪ್ಪ ಆದಾಗ ಬಿಚ್ಚಿಕೊಳ್ಳಲಿ," ಎಂದರು.

ಈಗ ನನ್ನ ರವಿಕೆಗಳು ಸಡಿಲವಾಗುತ್ತಿವೆ. ಹೆಗಲಿನಿಂದ ಜಾರುತ್ತವೆ. ಡಾಕ್ಟರು ಏನೇನೋ ಹೇಳುತ್ತಾರೆ, ಬಿಡಿ. ಮೊನ್ನೆ ಇವರು ಕನ್ನಡಕ ಹಾಕಿಕೊಂಡು ಒಂದು ರವಿಕೆಯನ್ನು ಹಿಡಿದು ಹೊಲಿಯುತ್ತಿದ್ದರು. ಈ ವರ್ಷ ಇದು ಎರಡನೆಯ ಸಲ. ಒಳಗೆ ಉಳಿದ ಬಟ್ಟೆ ನೋಡಿ, "ಅದನ್ನು ಕತ್ತರಿಸಿ ಬಿಸಾಡಿ ಮಾರಾಯ್ರೆ, ಇನ್ನು ಎಂತಕ್ಕೆ?" ಎಂದೆ.

ಅವರು ಆ ಬಟ್ಟೆಯನ್ನು ಒಳಗೇ ಮಡಚಿ ಸೂಜಿ ಹಾಕಿದರು.

"ಬೇಡ," ಎಂದರು. ಒಂದೇ ಸಲ.