ಗವಿಸಿದ್ದಪ್ಪ ಮೇಷ್ಟ್ರು ಸಾಕಿದ ಹುಳ

"ಈ ಹುಳಾನ ಪತಂಗ ಮಾಡಿ ತೋರಿಸ್ಲಿಲ್ಲಂದ್ರ ನನ್ನ ಬಿ.ಎಸ್ಸಿ. ಸರ್ಟಿಫಿಕೇಟು ಹಗರಿ ಹೊಳಿಗಿ ಒಗೀತೀನಿ!"

ಹೀಗೆಂದು ಅಂಗಳದಲ್ಲಿ ನಿಂತು ಗುಡುಗಿದವರು ಬಳ್ಳಾರಿ ಕಂಟೋನ್ಮೆಂಟಿನ ವಿಜ್ಞಾನದ ಮೇಷ್ಟ್ರು ಗವಿಸಿದ್ದಪ್ಪ. ಕೇಳಿಸಿಕೊಂಡವರು ಹೆಂಡತಿ ಕೊಟ್ರಬಸಮ್ಮ, ಕೈಯಲ್ಲಿ ಕಸಬರಿಗೆ. ನಡುವೆ ಕಣಗಿಲೆ ಗಿಡ. ಗಿಡದ ಮೇಲೆ ಬೆರಳುದ್ದದ ಹಸಿರು ಹುಳ. ತಲೆಯ ಹಿಂದೆ ಎರಡು ನೀಲಿ ಸುಳ್ಳುಗಣ್ಣು, ಬಾಲದ ತುದಿಯಲ್ಲೊಂದು ಕೊಂಬು. ದನವೂ ಬಾಯಿ ಹಾಕದ ಆ ವಿಷದೆಲೆಯನ್ನು ಅದು ಹಬ್ಬದೂಟದಂತೆ ಬಾರಿಸುತ್ತಿತ್ತು.

"ಶ್ರಾವಣ ಪೂರ್ತಿ ಲಿಂಗಕ್ಕ ಕಣಗಿಲಿ ಏರಿಸ್ತೀನಂತ ಅವ್ವ ಹರಕಿ ಹೊತ್ತಾಳ. 'ನಮ್ಮ ಗಿಡ ಐತಿ, ಇಲ್ಲೇ ಬಂದಿರು' ಅಂದೀನಿ. ಹೂ ಇಲ್ಲಂದ್ರ ಆಕಿಗಿ ಏನ್ ಮಾರಿ ತೋರಿಸ್ಲಿ? ಹೊಸಕಿ ಒಗೀರಿ!"

"ಲೇ, ಡಬ್ಬಿಯೊಳಗ ಇಟ್ರ ಗಿಡಾನೂ ಉಳೀತೈತಿ, ಹುಳಾನೂ ಉಳೀತೈತಿ!"

ಹುಳ ಬಿಸ್ಕತ್ತಿನ ಡಬ್ಬಿ ಸೇರಿತು. ಅದಕ್ಕೆ ಊಟ? ಅದೇ ಕಣಗಿಲೆ! ಅದೂ ಎಳೆ ಚಿಗುರೇ ಆಗಬೇಕು. ಶಾಲೆಯಲ್ಲಿ ಗಂಟಲು ಹರಿದುಕೊಂಡು ಬಂದ ಮೇಷ್ಟ್ರು ಚೀಲ ಇಳಿಸುವ ಮೊದಲೇ ಗಿಡದ ಮುಂದೆ ಹಾಜರು. ಹಸಿದೀತೆಂಬ ಮಮತೆಯಿಂದ ಹಿಡಿ ಹಿಡಿಯಾಗಿ ಚಿವುಟಿದರು. ಮೊಗ್ಗು ಬಿಡುವುದೂ ಚಿಗುರಿನ ತುದಿಯಲ್ಲೇ ಎಂಬುದು ಗಿಡ ಬೋಳಾದ ಮೇಲೆ ಹೊಳೆಯಿತು.

"ಮೊದ್ಲು ಹುಳ ಒಂದ ತಿಂತಿತ್ತು," ಎಂದರು ಕೊಟ್ರಬಸಮ್ಮ. "ಈಗ ಅದಕ್ಕ ಆಳು ಬ್ಯಾರೆ ಸಿಕ್ಕೈತಿ."

ಒಂದು ಸಂಜೆ ಹುಳ ಮೇವು ಬಿಟ್ಟಿತು. ಹಸಿರು ಮೈ ಕಂದಿ ಕಪ್ಪಾಯಿತು. ಪಾಪ, ಬೇನೆ ಬಿದ್ದಿದೆ, ಗಾಳಿ ಬೇಕೆಂದು ಮೇಷ್ಟ್ರು ಮುಚ್ಚಳ ತೆಗೆದಿಟ್ಟರು. ಬೇನೆಯೂ ಇಲ್ಲ, ಮಣ್ಣೂ ಇಲ್ಲ! ಗೂಡು ಕಟ್ಟುವ ಮುನ್ನ ಆ ಜಾತಿಯ ಹುಳ ಬಣ್ಣ ಬದಲಿಸಿ, ಒಣಗಿದೆಲೆಯ ರಾಶಿ ಹುಡುಕಿಕೊಂಡು ಹೊರಡುತ್ತದೆ. ಹೊರಟೇ ಹೋಯಿತು. ಟ್ರಂಕು, ಅಕ್ಕಿ ಚೀಲ, ಹಾಸಿಗೆ ಸುರುಳಿ ಎಲ್ಲ ಎತ್ತಿ ಇಳಿಸಿದ್ದಕ್ಕೆ ಮೇಷ್ಟ್ರ ಸೊಂಟ ಹಿಡಿಯಿತೇ ಹೊರತು ಹುಳ ಸಿಗಲಿಲ್ಲ.

ದೇವರ ಮೂಲೆಯ ಬುಟ್ಟಿಯನ್ನು ಮಾತ್ರ ಅವರು ಕಂಡೂ ಕಾಣದಂತೆ ಬಿಟ್ಟರು. ಅದರಲ್ಲಿ ಪೂಜೆ ಮುಗಿದ ಹೂಪತ್ರೆ. ಜನ ತುಳಿಯುವಲ್ಲಿ ಚೆಲ್ಲಬಾರದು, ಕಾಲುವೆಗೇ ಬಿಡಬೇಕು. ಬಿಡುವ ಕೆಲಸ ಮೇಷ್ಟ್ರದ್ದೇ. ಮುಟ್ಟಿದರೆ ಕಾಲುವೆಯವರೆಗೆ ನಡೆಯಬೇಕಲ್ಲ! 'ನಾಳೆ ನೋಡೋಣ' ಎಂದು ಅವರು ಮುಂದೂಡಿದಂತೆಲ್ಲ ಬುಟ್ಟಿ ತುಂಬುತ್ತಲೇ ಇತ್ತು.

ಶ್ರಾವಣದ ಮೊದಲ ಸೋಮವಾರ ಅತ್ತೆ ಹೊನ್ನೂರಮ್ಮ ಕುರುಗೋಡಿನಿಂದ ಬಂದಿಳಿದರು. ಬೋಳು ಗಿಡ ನೋಡಿದರು. ಅಳಿಯನನ್ನೂ ನೋಡಿದರು. ಗಿಡದ ಬುಡಕ್ಕೊಂದು ತಂಬಿಗೆ ನೀರು ಸುರಿದು ಒಳಗೆ ನಡೆದರು. ಬೈದಿದ್ದರೇ ಮೇಷ್ಟ್ರಿಗೆ ಎಷ್ಟೋ ಹಿತವಾಗಿರುತ್ತಿತ್ತು.

ದೀಪ ಹಚ್ಚುವ ಹೊತ್ತು. ಬಜಾರಿನ ಮಲ್ಲಿಗೆಯನ್ನೇ ಏರಿಸಿ, ಸಪ್ಪೆ ಮುಖದಲ್ಲಿ ಎಲ್ಲರೂ ಕೈಮುಗಿದಿದ್ದರು. ಬುಟ್ಟಿಯೊಳಗಿಂದ ಗುಂಯ್ ಎಂದು ಎದ್ದಿತು ನೋಡಿ, ಹಸಿರು ರೆಕ್ಕೆಗೆ ಗುಲಾಬಿ ಗೀರಿನ, ಅಂಗೈಯಗಲದ ಪತಂಗ! ಲಿಂಗದ ಮುಂದೆ ಗಾಳಿಯಲ್ಲೇ ನಿಂತು, ಉದ್ದ ಸೊಂಡಿಲು ಚಾಚಿ ಹೂವಿಗೆ ಬಾಯಿಟ್ಟು, ಕಿಟಕಿಯಿಂದ ಹಾರಿಹೋಯಿತು.

"ಶಿವನೇ ಬಂದು ಹೂ ಮುಟ್ಟಿದ!" ಅತ್ತೆಯ ಕಣ್ಣಲ್ಲಿ ನೀರು.

"ನಾ ಸಾಕಿದ್ದರಿ ಅತ್ತಿ!" ಮೇಷ್ಟ್ರು ಎದೆಯುಬ್ಬಿಸಿದರು. ಸುಮ್ಮನಿದ್ದಿದ್ದರೆ ಬದುಕಿಕೊಳ್ಳುತ್ತಿದ್ದರು.

ವಾರ ಕಳೆಯಿತು. ಬೋಳು ಗಿಡ ಚಿಗುರಿತು. ಚಿಗುರಿನ ತುಂಬ ಕೊಂಬಿನ ಮರಿಹುಳಗಳು! ಈ ಸಲ ಮೇಷ್ಟ್ರೇ ಕಸಬರಿಗೆ ಎತ್ತಿದರು. ಅತ್ತೆ ಅಡ್ಡ ನಿಂತರು.

"ಶಿವನ ಮಕ್ಳನ್ನ ಮುಟ್ಟೀರಿ ಮತ್ತ! ಹರಕಿ ಹೂವು ನಮ್ಮ ಕುರುಗೋಡ ಹಿತ್ತಲದಾಗ ಬೇಕಾದಷ್ಟು ಐತಿ. ಸಾಕಿದವರು ನೀವ, ತರೋರೂ ನೀವ."

ಅಂದಿನಿಂದ ಮೇಷ್ಟ್ರಿಗೆ ದಿನಾ ಮೊದಲ ಬಸ್ಸು, ಮಡಿಲಲ್ಲಿ ಖಾಲಿ ಬುಟ್ಟಿ, ಕಣ್ಣಲ್ಲಿ ನಿದ್ದೆ. ಕಂಡಕ್ಟರ್ ಕಾಡಸಿದ್ದಪ್ಪನಿಗೇ ಕನಿಕರ ಬಂತು.

"ಏನ್ರಿ ಮೇಷ್ಟ್ರ, ಬೆಳಗಾದ್ರ ಅತ್ತಿ ಊರಿಗಿ ಓಡ್ತೀರಿ? ಬಾಣಂತನ ಏನ್ರಿ?"

"ಹೂನಪ್ಪ," ಮೇಷ್ಟ್ರು ಆಕಳಿಸಿದರು. "ಹುಳದ್ದು."